ಜೀನ್‌ಗೆ ಸಿಕ್ಕಿದ ಒಂದೂವರೆ ಸಾಲು

ಏಂಗಸ್ ಲಾಮಂಟ್ ಅವರಿಗೆ ತಾವು ಆಡಿದ ಮುನ್ನೂರ ಹನ್ನೆರಡು ಫುಟ್‌ಬಾಲ್ ಪಂದ್ಯಗಳೂ ನೆನಪಿದ್ದವು. ಯಾವ ಊರು, ಮಳೆಯೋ ಹಿಮವೋ, ಎದುರು ತಂಡದ ಬಲಬದಿಯ ಆಟಗಾರನ ಹೆಸರೇನು, ಅವನ ಮೊಣಕೈ ಎಷ್ಟು ಚೂಪು, ಎಲ್ಲವೂ. ಹೊಡೆದದ್ದು ಹನ್ನೊಂದು ಗೋಲು. ಅದರಲ್ಲಿ ಎರಡು ತಮ್ಮದೇ ತಂಡದ ಮೇಲೆ. ಅವೆರಡನ್ನು ಲೆಕ್ಕದಿಂದ ಬಿಟ್ಟುಬಿಡಲು ಅವರು ಸುತರಾಂ ಒಪ್ಪಲಿಲ್ಲ.

"ಚಂದದ ಗೋಲುಗಳು ಅವು," ಎಂದು ಮಟಿಲ್ಡಾಗೆ ಹೇಳಿದರು. "ನಮ್ಮ ಗೋಲ್‌ಕೀಪರ್ ಕೂಡ ಮೆಚ್ಚಿದ."

ಮಟಿಲ್ಡಾ ತಲೆಯಾಡಿಸಿ ಬರೆದುಕೊಂಡಳು. ಅವಳನ್ನು ಕರೆಸಿದ್ದೇ ಅದಕ್ಕೆ. ಮುದುಕರ ಮಗಳು ಐಲ್ಸಾ ಖತರಿನ ಲುಸೈಲ್‌ನ ಕಚೇರಿಯೊಂದರಲ್ಲಿ ದೊಡ್ಡ ಹುದ್ದೆಯಲ್ಲಿದ್ದಳು. ಅಬು ಹಮೂರ್‌ನಲ್ಲಿ ಅವಳ ವಿಲ್ಲಾ, ತಂದೆಯೂ ಅಲ್ಲಿಯೇ ಇದ್ದರು. ತಂದೆಯ ತೊಂಬತ್ತನೆಯ ಹುಟ್ಟುಹಬ್ಬಕ್ಕೆ ಅವರ ಜೀವನವನ್ನು ಪುಟ್ಟ ಪುಸ್ತಕ ಮಾಡಿಸಿ, ಸ್ಕಾಟ್ಲೆಂಡಿನ ಹಳೆಯ ಕ್ಲಬ್ಬಿಗೂ ನಾಲ್ಕು ಪ್ರತಿ ಕಳಿಸುವುದು ಅವಳ ಆಸೆ. ಮೊದಲು ಫೋನಿನಲ್ಲಿ ರೆಕಾರ್ಡ್ ಮಾಡಲು ನೋಡಿದ್ದಳು. ಫೋನು ತಲೆಯಾಡಿಸುವುದಿಲ್ಲ ಎಂದು ಮುದುಕರು ಅದನ್ನು ದಿಂಬಿನಡಿ ತಳ್ಳಿದರು. ಆಗ ಚರ್ಚಿನಲ್ಲಿ ಯಾರೋ ಮಟಿಲ್ಡಾಳ ಹೆಸರು ಹೇಳಿದರು.

ಮಂಗಳೂರಿನ ಹಂಪನಕಟ್ಟೆಯಲ್ಲಿ ಕಲಿತ ಶಾರ್ಟ್‌ಹ್ಯಾಂಡಿನಿಂದ ಮಟಿಲ್ಡಾ ದೋಹಾದಲ್ಲಿ ಇಪ್ಪತ್ತೇಳು ವರ್ಷ ಸೆಕ್ರೆಟರಿಯಾಗಿದ್ದು, ಹೋದ ವರ್ಷ ನಿವೃತ್ತಳಾಗಿದ್ದಳು. "ಆಗುವುದಿಲ್ಲ ಅಂತ ಬರಿ" ಎಂದಷ್ಟೇ ಹೇಳಿ ಬಾಸ್ ಫೋನ್ ಎತ್ತಿಕೊಂಡರೆ ಅವಳು ಎದುರಿನವರ ಆರೋಗ್ಯ ವಿಚಾರಿಸಿ, ಹಬ್ಬದ ಶುಭಾಶಯ ಸೇರಿಸಿ, ಮೂರು ಪ್ಯಾರಾ ವಿನಯದ ಪತ್ರ ಇಳಿಸುತ್ತಿದ್ದಳು. ಅವರು ಓದದೆ ಸಹಿ ಹಾಕುತ್ತಿದ್ದರು. ಹೇಳಿದವರು ಬಿಟ್ಟದ್ದನ್ನು ತುಂಬಬೇಕು, ತುಂಬಿದ್ದು ಯಾರಿಗೂ ಕಾಣಬಾರದು. ಅವಳಿಗೆ ಗೊತ್ತಿದ್ದ ಕೆಲಸ ಅದು.

ಈ ಮುದುಕರು ಬಿಟ್ಟದ್ದು ಮಾತ್ರ ಸ್ವಲ್ಪ ದೊಡ್ಡದು. ಹೇಳಿದ್ದೆಲ್ಲ ಗಣಿ ಕಾರ್ಮಿಕನ ಮಗನಾಗಿ ಹುಟ್ಟಿದ್ದು, ಹದಿನೇಳಕ್ಕೆ ಕ್ಲಬ್ ಸೇರಿದ್ದು, ಮಳೆನೀರು ಕುಡಿದು ಕಲ್ಲಾಗುತ್ತಿದ್ದ ಚರ್ಮದ ಚೆಂಡು, ಕೊನೆಗೆ ಆಟ ಬಿಡಿಸಿದ ಮೊಣಕಾಲು. ಮೊಣಕಾಲಿಗೇ ಹದಿನಾಲ್ಕು ಪುಟ. ನಡುವೆ ಒಂದು ಕಡೆ: "ಐವತ್ತೆಂಟರ ಜೂನಿನಲ್ಲಿ ಜೀನ್‌ಳನ್ನು ಮದುವೆಯಾದೆ. ಆಗಸ್ಟಿನಲ್ಲಿ ಹೊಸ ಸೀಸನ್ ಶುರುವಾಯಿತು." ಐವತ್ತೊಂದು ವರ್ಷ ಜೊತೆಗಿದ್ದು ತೀರಿಕೊಂಡ ಹೆಂಡತಿಗೆ ಸಿಕ್ಕಿದ್ದು ಇಷ್ಟು. ಅದರಲ್ಲೂ ಅರ್ಧ ಫುಟ್‌ಬಾಲಿಗೆ ಹೋಯಿತು.

ಮಟಿಲ್ಡಾಳ ಕೈ ಸುಮ್ಮನಿರಲಿಲ್ಲ. ಮನೆಗೆ ಹೋಗಿ ಟೈಪ್ ಮಾಡುವಾಗ ಜೀನ್‌ಳ ಶನಿವಾರಗಳನ್ನು ಎರಡು ಪುಟ ಬರೆದಳು. ಜೀನ್ ಕಿಟಕಿಯಲ್ಲಿ ನಿಂತು ತಂಡದ ಬಸ್ಸಿಗೆ ಕಾದಳು. ಗಂಡ ಶೂ ಬಿಚ್ಚುವ ಸದ್ದಿನಲ್ಲೇ ಆ ದಿನ ಹೇಗಿತ್ತೆಂದು ತಿಳಿದುಕೊಂಡಳು. ಯಾರೂ ಇಲ್ಲದ ಮಧ್ಯಾಹ್ನ, ಕಲಿತ ಶಾರ್ಟ್‌ಹ್ಯಾಂಡ್ ಮರೆಯದಿರಲೆಂದು ಹಿಟ್ಟಿನ ಮೇಲೆ ಬೆರಳಿನಿಂದ ಬರೆದು, ಅಳಿಸಿ, ರೊಟ್ಟಿ ತಟ್ಟಿದಳು. ಎಲ್ಲವೂ ಸರಾಗವಾಗಿ ಬಂತು. ಬಾರದೇನು? ಮದುವೆಯಾದ ಹೊಸತರಲ್ಲಿ, ಗಂಡ ಆನ್ಸೆಲ್ಮ್‌ನ ಎಣ್ಣೆ ಕಂಪನಿ ಕೊಟ್ಟ, ದೋಹಾದಿಂದ ದೂರದ ದುಖಾನ್‌ನ ಮನೆಯಲ್ಲಿ, ಕೆಲಸವಿಲ್ಲದೆ, ಅವನ ಕಂಪನಿ ಬಸ್ಸಿಗೆ ಕಾಯುತ್ತ, ಅವಳು ಆರು ವರ್ಷ ಕಳೆದದ್ದು ಹೀಗೆಯೇ.

ಆನ್ಸೆಲ್ಮ್ ಹೆಗಲ ಮೇಲಿಂದ ಇಣುಕಿದ. "ಅವರ ಹೆಂಡತಿ ವಿಷಯ ನಿನಗೆಂತ ಗೊತ್ತುಂಟು ಮಾರಾಯ್ತಿ?"

"ಹೆಂಡತಿಯರ ವಿಷಯ ಗೊತ್ತುಂಟು."

"ಸರಿ ಸರಿ. ಗೋಲ್ ಮಾತ್ರ ಹೆಚ್ಚುಕಮ್ಮಿ ಮಾಡಬೇಡ."

ಮಟಿಲ್ಡಾ ಕಳಿಸಿದ ಹಾಳೆಗಳನ್ನು ಓದಿ ಬುಧವಾರ ಐಲ್ಸಾ ಫೋನ್ ಮಾಡಿದಳು. ದನಿ ಒದ್ದೆಯಾಗಿತ್ತು. "ಅಪ್ಪ ಅಮ್ಮನನ್ನು ಇಷ್ಟು ಗಮನಿಸಿದ್ದರು ಅಂತ ನನಗೆ ಗೊತ್ತೇ ಇರಲಿಲ್ಲ, ಮಟಿಲ್ಡಾ. ಶುಕ್ರವಾರ ಇದನ್ನು ಅವರಿಗೆ ಓದಿ ಹೇಳುತ್ತೇನೆ, ನೀವೂ ಬನ್ನಿ. ಭಾನುವಾರ ಪ್ರೆಸ್ಸಿಗೆ."

ಫೋನ್ ಇಟ್ಟ ಮೇಲೆ ಮಟಿಲ್ಡಾ ಆ ಎರಡು ಪುಟಗಳನ್ನು ಮತ್ತೆ ತೆಗೆದು ಓದಿದಳು. ಮುದುಕರು ರೇಗಿದರೆ ಚಿಂತೆಯಿಲ್ಲ. ನಂಬಿಬಿಟ್ಟರೆ? ಪಂದ್ಯಗಳ ಹೊರಗೆ ಅವರ ನೆನಪು ಈಚೆಗೆ ಹೇಳಿಕೊಟ್ಟ ಕಡೆಗೆ ವಾಲುತ್ತಿತ್ತು. ಆ ಶನಿವಾರಗಳ ನಿಜವಾದ ಜೀನ್ ಉಳಿದಿರುವುದು ಆ ಒಂದು ತಲೆಯಲ್ಲಿ. ಅಲ್ಲಿ ದುಖಾನ್‌ನ ಹೆಂಗಸೊಬ್ಬಳು ಹೋಗಿ ಕುರ್ಚಿ ಎಳೆದು ಕೂತರೆ, ಪಾಪ, ಜೀನ್ ಎಲ್ಲಿಗೆ ಹೋಗಬೇಕು?

ವಾರದ ರಜೆಯ ಶುಕ್ರವಾರ ಚರ್ಚಿನ ಪೂಜೆ ಮುಗಿಸಿ ಆನ್ಸೆಲ್ಮ್ ಅವಳನ್ನು ವಿಲ್ಲಾದ ಮುಂದೆ ಇಳಿಸಿದ. ಮೊದಲೇ ಹೇಳಿಬಿಡೋಣವೆಂದು ಅವಳು ದಾರಿಯುದ್ದಕ್ಕೂ ವಾಕ್ಯ ಹೊಂದಿಸಿಕೊಂಡು ಬಂದಿದ್ದಳು. ಒಳಗೆ ಹೋಗುವಷ್ಟರಲ್ಲಿ ಐಲ್ಸಾ ಕನ್ನಡಕ ಹಾಕಿಕೊಂಡು ಓದಲು ಶುರುಮಾಡಿಯೇ ಬಿಟ್ಟಿದ್ದಳು.

ಎರಡು ಪುಟ ಮುಗಿಯಿತು. ಮುದುಕರು ಚಹಾದ ಬಟ್ಟಲನ್ನು ಕೈಗೆತ್ತಿಕೊಂಡರು.

"ಇದನ್ನು ನಾನು ಹೇಳಿದೆನೇ?" ಎಂದು ಮಟಿಲ್ಡಾಳತ್ತ ತಿರುಗಿದರು. ಗದರಿಕೆಯಿಲ್ಲ. ಹೌದೆಂದರೆ ಹೌದು ಎನ್ನಲು ತಯಾರಾದ ಮುಖ.

ಇಪ್ಪತ್ತೇಳು ವರ್ಷ ಈ ಪ್ರಶ್ನೆಗೆ ಅವಳಲ್ಲಿದ್ದದ್ದು ಒಂದೇ ಉತ್ತರ: ನೀವೇ ಹೇಳಿದ್ದು ಸರ್. ಅದು ನಾಲಿಗೆಯ ತುದಿಗೆ ಬಂದು ನಿಂತಿತ್ತು.

"ಇಲ್ಲ ಸರ್. ನಾನು ಸೇರಿಸಿದ್ದು."

ಐಲ್ಸಾ ಕನ್ನಡಕ ತೆಗೆದಳು. "ಎಷ್ಟು ಸೇರಿಸಿದ್ದೀರಿ?"

"ಎರಡೂ ಪುಟ."

"ನಾನಿದನ್ನು ನನ್ನ ಅಣ್ಣನಿಗೆ ಕಳಿಸಿದ್ದೇನೆ. ಅವನು ಆಫೀಸಿನಲ್ಲಿ ಕೂತು ಅತ್ತಿದ್ದಾನೆ." ಐಲ್ಸಾಳ ಮಾತು ತಣ್ಣಗಿತ್ತು. "ಇನ್ನು ನೀವು ಬರುವುದು ಬೇಡ ಅನ್ನಿಸುತ್ತದೆ."

ಮಟಿಲ್ಡಾ ಚೀಲಕ್ಕೆ ಕೈಹಾಕಿದಳು. ಅಷ್ಟರಲ್ಲಿ ಮುದುಕರು ಬಟ್ಟಲನ್ನು ಕುಕ್ಕಿದರು.

"ತಪ್ಪು. ಎಲ್ಲ ತಪ್ಪು. ಕಿಟಕಿಯಲ್ಲಿ ಕಾದಳಂತೆ. ನಮ್ಮ ಕಿಟಕಿಗೆ ಕಾಣುತ್ತಿದ್ದದ್ದು ಪಕ್ಕದ ಮನೆಯ ಗೋಡೆ. ಶನಿವಾರ ನಾನು ಬರುವಾಗ ಜೀನ್ ಮನೆಯಲ್ಲಿ ಇರುತ್ತಲೇ ಇರಲಿಲ್ಲ."

"ಮತ್ತೆಲ್ಲಿ ಇರುತ್ತಿದ್ದಳು?" ಐಲ್ಸಾ ಕೇಳಿದಳು.

"ಡಾನ್ಸಿಗೆ, ತಂಗಿಯ ಜೊತೆ. ತೊಂಬತ್ತು ನಿಮಿಷ ಓಡಿದವನ ಕಾಲು ಡಾನ್ಸಿಗೆ ಏಳುತ್ತದೆಯೇ? ಅವಳು ಬಂದು ಯಾರ್ಯಾರು ಕುಣಿದರು ಅಂತ ಅಭಿನಯಿಸಿ ತೋರಿಸುತ್ತಿದ್ದಳು. ನಗಿಸಿ ನಗಿಸಿ ನನ್ನ ಪಕ್ಕೆಲುಬು ನೋಯಿಸುತ್ತಿದ್ದಳು. ಪಂದ್ಯಕ್ಕೆ ಬಂದದ್ದು ಒಂದೇ ಸಲ. ಎದುರು ತಂಡದ ಗೋಲ್‌ಕೀಪರ್ ಚಳಿಯಲ್ಲಿ ನಿಂತಿದ್ದಾನೆ ಅಂತ ಗೋಲಿನ ಹಿಂದಕ್ಕೆ ಹೋಗಿ ಅವನಿಗೆ ಟೀ ಕೊಟ್ಟಳು. ಕುಡಿಯಲು ಅವನಿಗೆ ಬೇಕಾದಷ್ಟು ಸಮಯವಿತ್ತು. ನಮ್ಮವರು ಆ ಕಡೆ ಸುಳಿಯಲೇ ಇಲ್ಲ."

ಐಲ್ಸಾಗೆ ನಗು ತಡೆಯಲಾಗಲಿಲ್ಲ. ಮುದುಕರು ಮಟಿಲ್ಡಾಳನ್ನು ಗದರಿದರು. "ಏನು ನೋಡುತ್ತೀ? ಬರೆದುಕೋ."

ಅವಳು ಐಲ್ಸಾಳ ಮುಖ ನೋಡಿದಳು. ಐಲ್ಸಾ ಕಣ್ಣೊರೆಸಿಕೊಂಡು ಪೆನ್ನಿನ ಕಡೆ ಕೈ ತೋರಿಸಿದಳು.

ಎರಡು ಗಂಟೆ ಬರೆದದ್ದಾಯಿತು. ಪ್ರತಿ ತಪ್ಪಿಗೂ ಮುದುಕರಿಗೆ ರೇಗುತ್ತಿತ್ತು, ರೇಗಿದಂತೆಲ್ಲ ಜೀನ್ ಇನ್ನಷ್ಟು ಸ್ಪಷ್ಟವಾಗಿ ಒಳಗೆ ಬರುತ್ತಿದ್ದಳು: ಹಸಿರು ಕೋಟು, ಸುಡುವ ಸೂಪು, ಅಪಸ್ವರದ ಹಾಡು. ಮಟಿಲ್ಡಾ ಒಂದು ಅಕ್ಷರವನ್ನೂ ಸೇರಿಸಲಿಲ್ಲ.

"ಖಲಾಸ್," ಎಂದು ಮುದುಕರು ಕೊನೆಗೆ ಹಿಂದಕ್ಕೆ ಒರಗಿದರು. ಖತರಿನಲ್ಲಿ ಅವರು ಕಲಿತ ಅರಬ್ಬಿ ಆ ಒಂದೇ ಪದ. ನಂತರ ಟೈಪ್ ಮಾಡಿದ ಎರಡು ಪುಟಗಳನ್ನು ಬೆರಳಿನಿಂದ ತಟ್ಟಿದರು. "ಹಾಗಾದರೆ ಇವಳು ಯಾರು? ಹಿಟ್ಟಿನ ಮೇಲೆ ಬರೆಯುವವಳು? ಇಂಥದ್ದನ್ನು ಸುಮ್ಮನೆ ಕಟ್ಟಿ ಹೇಳಲಾಗದು."

"ನಾನು, ಸರ್."

"ಮತ್ತೆ ನನ್ನ ಹೆಂಡತಿಯ ಹೆಸರಿನಲ್ಲಿ ಯಾಕೆ?"

ಐಲ್ಸಾ ಆ ಹಾಳೆಗಳನ್ನು ಮಡಚಿ ಮಟಿಲ್ಡಾಳ ಕೈಗಿತ್ತಳು. "ನಾಳೆ ಹತ್ತಕ್ಕೆ ಬನ್ನಿ," ಎಂದಳು.

ಹೊರಗೆ ಆನ್ಸೆಲ್ಮ್ ಎಸಿ ಹಾಕಿಕೊಂಡು ಕಾರಿನಲ್ಲಿ ತೂಕಡಿಸುತ್ತಿದ್ದ. ಅವಳು ಬೆಲ್ಟ್ ಹಾಕಿ, ಹಾಳೆ ಬಿಡಿಸಿ, ಜೀನ್ ಎಂದಿದ್ದ ಕಡೆಯೆಲ್ಲ ಆ ಹೆಸರಿಗೆ ಪೆನ್ನಿನಿಂದ ಅಡ್ಡಗೀಟು ಎಳೆದಳು.

"ಎಂತ ಅದು?"

"ದುಖಾನ್‌ನಲ್ಲಿ ಇದ್ದದ್ದು. ಓದ್ತೇನೆ, ಕೇಳಿ."

"ಅದನ್ನು ಕೇಳ್ಲಿಕ್ಕೆ ಎಂತ ಉಂಟು? ನಾನೂ ಅಲ್ಲಿಯೇ ಇದ್ದೆನಲ್ಲ."

"ನೀವು ಬಸ್ಸಿನಲ್ಲಿ ಇದ್ರಿ," ಎಂದು ಮಟಿಲ್ಡಾ ಓದಲು ಶುರುಮಾಡಿದಳು.