ಅಮ್ಮನ ಈಮೇಲುಗಳು

ಅಪ್ಪ ತೀರಿಹೋಗಿ ಏಳು ತಿಂಗಳಾಗಿತ್ತು. ಹಡಗಿನ ಕೆಲಸದಲ್ಲಿದ್ದಾಗ ಅಪ್ಪ ಅಮ್ಮನಿಗೆ ಬರೆದ ಈಮೇಲುಗಳೆಲ್ಲ ಮನೆಯ ಹಳೇ ಕಂಪ್ಯೂಟರಿನಲ್ಲಿದ್ದವು. ಮಧ್ಯಾಹ್ನ ಪಾತ್ರೆ ತೊಳೆದಾದ ಮೇಲೆ ಅಮ್ಮ ಅದರ ಮುಂದೆ ಕೂತು ಒಂದೊಂದೇ ಓದುತ್ತಿದ್ದಳು. ಇಂಟರ್ನೆಟ್ಟಿನ ಹಂಗಿಲ್ಲದೆ ಅವು ತೆರೆದುಕೊಳ್ಳುತ್ತಿದ್ದವು. ಒಂದು ದಿನ ಅತ್ತೆ, ಅಂದರೆ ಅಪ್ಪನ ತಂಗಿ, ಫೋನು ಮಾಡಿ, "ಅಣ್ಣ ಬರೆದಿದ್ದು ಎರಡಾದ್ರೂ ನಂಗೂ ಕಳಿಸಿ ಅತ್ತಿಗೆ" ಎಂದಳು.

ಕಂಪ್ಯೂಟರಿಗೆ ಇಂಟರ್ನೆಟ್ ತಂತಿ ಸಿಕ್ಕಿಸುವ ಜಾಗ ಎಂದೋ ಕೆಟ್ಟಿತ್ತು. ಹೆಬ್ಬೆರಳಿನಷ್ಟು ದೊಡ್ಡ ವೈಫೈ ಅಡಾಪ್ಟರು ತಂದು ಯುಎಸ್‌ಬಿಗೆ ಚುಚ್ಚಿದೆ. ಕಂಪ್ಯೂಟರು ಅದನ್ನು ಕ್ಯಾರೇ ಅನ್ನಲಿಲ್ಲ. ಅದನ್ನು ನಡೆಸಲು ಡ್ರೈವರ್ ಅನ್ನೋ ತಂತ್ರಾಂಶ ಬೇಕಂತೆ. ಡ್ರೈವರ್ ಇರುವುದು ಇಂಟರ್ನೆಟ್ಟಿನಲ್ಲಿ. ಜೊತೆಗೆ ಕೊಟ್ಟ ಸಿಡಿ ಹಾಕೋಣವೆಂದರೆ ಕಂಪ್ಯೂಟರಿನ ಸಿಡಿ ತಟ್ಟೆ ಜಪ್ಪಯ್ಯ ಅಂದರೂ ಹೊರಗೆ ಬರಲಿಲ್ಲ. ಮೂರು ದಿನ ಆಫೀಸಿನಿಂದ ಪೆನ್‌ಡ್ರೈವಿನಲ್ಲಿ ಒಂದೊಂದೇ ಡ್ರೈವರ್ ಹೊತ್ತು ತಂದೆ. ಅವುಗಳಲ್ಲಿ ಎರಡು, ಹೊಸ ಕಾಲದ ಕಂಪ್ಯೂಟರಿಗೆ ಮಾತ್ರ ಆಗುವಂಥವು, ಇನ್ನೊಂದು ಬರೀ ಜಾಹೀರಾತು. ನನಗೆ ಸಿಟ್ಟೂ ಬರಲಿಲ್ಲ. ಅಪ್ಪ ಹೋದಾಗಿನಿಂದ ನನಗೆ ಏನೂ ಅನ್ನಿಸುತ್ತಿರಲಿಲ್ಲ. ಕೈಗೊಂದು ಕೆಲಸ ಸಿಕ್ಕಿತ್ತು, ಅಷ್ಟೇ.

ರಿಪೇರಿ ಅಂಗಡಿಯವನನ್ನು ಕೇಳಿದೆ. "ಡಬ್ಬಿ ಮೇಲಿನ ಹೆಸರು ನಂಬಬೇಡಿ ಮೇಡಂ. ಕಂಪ್ಯೂಟರಲ್ಲೇ ಡಿವೈಸ್ ಮ್ಯಾನೇಜರ್ ಅಂತಿದೆ, ಅದರಲ್ಲಿ ಅಡಾಪ್ಟರಿನ ನಂಬರ್ ಇರುತ್ತೆ, ಅದನ್ನ ಹಾಕಿ ಹುಡುಕಿ" ಎಂದ. ಹಾಗೇ ಮಾಡಿದೆ. ನಾಲ್ಕನೆಯದು ಸರಿಹೋಯಿತು.

"ಬಂತಾ?" ಎಂದಳು ಅಮ್ಮ.

"ಬಂತು."

ಅಮ್ಮ ಕೂತು ಈಮೇಲ್ ತೆರೆದಳು. ಅಪ್ಪನ ಈಮೇಲುಗಳ ಪಟ್ಟಿ ಒಂದು ಗಳಿಗೆ ನಿಂತು, ಆಮೇಲೆ ಖಾಲಿಯಾಗತೊಡಗಿತು. ನಾನು ಅಡಾಪ್ಟರು ಕಿತ್ತೆ. ಅಷ್ಟರಲ್ಲಿ ಎಲ್ಲ ಮುಗಿದಿತ್ತು.

"ನಿನ್ನ ಫೋನಲ್ಲೂ ಇವೆಯಲ್ಲ?" ಎಂದೆ.

"ಫೋನು ತುಂಬಿದೆ ಅಂತ ತೋರಿಸ್ತಿತ್ತು. ಹೋದ ತಿಂಗಳು ಅಲ್ಲಿಂದ ಎಲ್ಲ ಅಳಿಸಿಬಿಟ್ಟೆ. ಹೇಗೂ ಕಂಪ್ಯೂಟರಲ್ಲಿ ಇದೆಯಲ್ಲ ಅಂತ."

ಫೋನಿನಲ್ಲಿ ಅಳಿಸಿದ್ದು ಅಮ್ಮನ ಈಮೇಲ್ ಖಾತೆಯಿಂದಲೇ ಹೋಗಿತ್ತು. ಇಂಟರ್ನೆಟ್ ಇಲ್ಲದ ಕಂಪ್ಯೂಟರಿಗೆ ಮಾತ್ರ ಸುದ್ದಿ ಮುಟ್ಟಿರಲಿಲ್ಲ. ಮೂರು ದಿನ ಒದ್ದಾಡಿ ಅದನ್ನು ಮುಟ್ಟಿಸಿದವಳು ನಾನು. ಇದನ್ನು ಅಮ್ಮನಿಗೆ ಬಿಡಿಸಿ ಹೇಳಿದೆ. ನನಗೆ ಅಳು ಬರಲಿಲ್ಲ. ಅವಳೂ ಅಳಲಿಲ್ಲ.

ಸ್ವಲ್ಪ ಹೊತ್ತಾದ ಮೇಲೆ, "ಮೊದಲನೇದು ನಂಗೆ ಬಾಯಿಪಾಠ ಇದೆ. ಬರ್ಕೋ, ನಿಮ್ಮತ್ತೆಗೆ ಕಳಿಸೋಣ" ಎಂದಳು.

ಹಾಳೆ ತಂದೆ. ಎರಡು ಸಾಲು ಸರಾಗವಾಗಿ ಹೇಳಿದಳು. ಮೂರನೆಯದಕ್ಕೆ ನಿಂತಳು.

"ಆಮೇಲೆ ಏನೋ ಗಾಳಿ ವಿಷಯ ಬರೆದಿದ್ರು."

ನಾನು 'ಗಾಳಿ' ಎಂದು ಬರೆದುಕೊಂಡೆ.