ಮರುದಿನದ ಬೆಳಕು

ಯಲ್ಲಾರಿ ಕಾಕಾನ ಕೆನ್ನೆಯ ಮೇಲೆ ಇರುವೆ ಹರಿಯುತ್ತಿದೆ, ಚಿತ್ರದೊಳಗಿನದಲ್ಲ, ಮೂಡಲಗಿಯ ಈ ಬಾಡಿಗೆ ಕೋಣೆಯದು, ಕಂಪ್ಯೂಟರಿನ ಪರದೆಯ ಮೇಲೆ ಹತ್ತಿದೆ, ಒರೆಸಲು ಕೈ ಚಾಚುತ್ತೇನೆ, ಪಕ್ಕದಲ್ಲಿ ಶೀತಲ್ ಕೂತಿದ್ದಾಳೆ — ಕಾಕಾನ ಮಗಳು, ಹುಕ್ಕೇರಿಯಿಂದ ಬೆಳಗಿನ ಬಸ್ಸಿಗೆ ಬಂದಿದ್ದಾಳೆ, ಅಪ್ಪನ ಮೇಲೆ ನಾನು ತೆಗೆದ ಸಿನಿಮಾ ನೋಡಲು, ಅಪ್ಪ ಹ್ಯಾಂಗದಾನ ಎಂದು ಕೇಳಿದ್ದಕ್ಕೆ ಇನ್ನೂ ಅವ್ವನ ದಾರಿ ನೋಡಾಕತ್ತಾನ ಎಂದಳು, ಅಂದರೆ ನಾನು ಹೇಳಿದ್ದನ್ನೂ ಮರೆತಿದ್ದಾನೆ, ಮರೆತನಲ್ಲ, ಹಾಗಾದರೆ ನನ್ನದೇನು ತಪ್ಪು, ಎಷ್ಟು ದಿನ ಹೀಗೆಂದುಕೊಂಡೆ. ಪರದೆಯ ಮೇಲೆ ಘಟಪ್ರಭೆಯ ದಂಡೆ ಹೋಯಿತು, ಗೋಕಾಕ ಫಾಲ್ಸಿನ ಬೇಸಿಗೆಯ ಒಣ ಬಂಡೆ ಹೋಯಿತು, ಭಾಳ ಚಂದ ತಗದಿ ಅಣ್ಣಾ ಎಂದಳು, ಇನ್ನೇನು ಆ ದೃಶ್ಯ ಬರುತ್ತದೆ. ಮರೆವಿನ ಮೇಲೆ ಚಿತ್ರ ಮಾಡುತ್ತೇನೆಂದು ಮೂರು ವರ್ಷ ತಿರುಗಿದೆ, ಕಾಕಾ ಮರೆಯತೊಡಗಿದ, ನನಗೆ ಅನುಕೂಲವಾಯಿತು — ಅನುಕೂಲ, ಎಂಥ ಶಬ್ದ. ಶೀತಲ್‌ನ ಅವ್ವ, ಪದ್ಮವ್ವ ಕಾಕು, ತೀರಿಕೊಂಡು ಹನ್ನೊಂದು ದಿನ, ಕಾಕಾ ಹಿತ್ತಲಲ್ಲಿ ಕೂತು ನಿಮ್ಮವ್ವ ಎಲ್ಲಿ ಹೋದ್ಳು ಎಂದು ಕೇಳಿದ, ಶೀತಲ್ ಅವನ ಮೊಣಕಾಲು ಹಿಡಿದು ಅವ್ವ ತೀರಿಕೊಂಡಾಳಪ್ಪಾ ಎಂದಳು, ಮೊದಲ ಸಲ ಕೇಳಿದವನ ಹಾಗೆ ಕುಸಿದ, ನಾನು ಕ್ಯಾಮೆರಾ ಹಿಡಿದಿದ್ದೆ, ಮೋಡ ಕವಿದಿತ್ತು, ಮುಖ ಮಸುಕಾಗಿ ಬಂತು, ಆ ಶಾಟ್ ಕೆಲಸಕ್ಕೆ ಬರಲಿಲ್ಲ. ಇನ್ಮ್ಯಾಲೆ ಯಾರೂ ಹೇಳಬ್ಯಾಡ್ರಿ, ಕೇಳಿದ್ರ ತವರಮನಿಗೆ, ದಡ್ಡಿಗೆ ಹೋಗ್ಯಾಳ ಅನ್ರಿ ಎಂದಳು ಸಂಜೆ ಶೀತಲ್, ಕಿಶೋರಣ್ಣಾ ನೀನೂ, ಹೂಂ ಎಂದೆ. ಮರುದಿನ ಅವಳು ಪಾಠ ಹೇಳಲು ಸಾಲಿಗೆ ಹೋದಳು, ಬೇವಿನೆಲೆಗಳ ನಡುವಿಂದ ಬೆಳಕು ಓರೆಯಾಗಿ ಕಾಕಾನ ಮುಖಕ್ಕೆ ಇಳಿದಿತ್ತು, ಆತ ಸಮಾಧಾನದಿಂದ ಕೂತು ದಡ್ಡಿಯಿಂದ ಅಕಿ ಯಾವಾಗ ಬರ್ತಾಳೋ ತಮ್ಮಾ ಎಂದ, ನಾಳೆ ಬರ್ತಾಳ ಎಂದಿದ್ದರೆ ಮುಗಿಯುತ್ತಿತ್ತು — ನಾನು ಮೊದಲು ಫೋಕಸ್ ಸರಿಮಾಡಿಕೊಂಡೆ, ಆಮೇಲೆ ಹೇಳಿದೆ.

ಆ ನನ್ನ ದನಿಯನ್ನು ಕತ್ತರಿಸಿ ತೆಗೆದಿದ್ದೆ, ಯಾರಿಗೂ ತಿಳಿಯುತ್ತಿರಲಿಲ್ಲ, ನಿನ್ನೆ ಇವಳು ಬರುತ್ತೇನೆಂದು ಫೋನು ಮಾಡಿದ ಮೇಲೆ ಮತ್ತೆ ಸೇರಿಸಿದೆ, ಬಾಯಿಬಿಟ್ಟು ಹೇಳುವ ಧೈರ್ಯವಿಲ್ಲದೆ. ಈಗ ಸ್ಪೀಕರಿನಲ್ಲಿ ನಾನೇ ಮಾತಾಡುತ್ತಿದ್ದೇನೆ, ಕಾಕು ದಡ್ಡಿಗೆ ಹೋಗಿಲ್ಲ ಕಾಕಾ, ಸತ್ತಾಳ, ಎಷ್ಟು ಮೆಲ್ಲಗೆ, ಎಷ್ಟು ಸ್ಪಷ್ಟವಾಗಿ. ಕಾಕಾ ಅಳುವುದಿಲ್ಲ, ಮಣ್ಣಿಗೆ ನಾ ಹೋಗಿದ್ನೇನು ಎನ್ನುತ್ತಾನೆ. ಹೋಗಿದ್ದ, ಹುಗಿಯುವಾಗ ಮುಷ್ಟಿ ಮಣ್ಣು ಹಾಕಿದ್ದ, ರಟ್ಟೆ ಹಿಡಿದು ನಿಂತವನು ನಾನೇ, ಹೇಳಬಹುದಿತ್ತು, ಶಾಟ್ ಕೆಡುತ್ತದೆಂದು ಸುಮ್ಮನಿದ್ದೆ. ಕಾಕಾ ಬಲಗೈ ಬಿಚ್ಚಿ ನೋಡಿಕೊಳ್ಳುತ್ತಾನೆ. ಇದು ಯಾವತ್ತಿಂದು, ಶೀತಲ್ ಕೇಳುತ್ತಾಳೆ, ನನ್ನ ಕಡೆ ನೋಡದೆ. ಮರುದಿನದ್ದು. ನಾ ಸಾಲಿಗೆ ಹೋದಾಗ? ಹೂಂ. ಅಪ್ಪ ಕೇಳಿದ್ದಕ್ಕ ಏನಂದಿ? ಏನೂ ಅನಲಿಲ್ಲ, ಇದನ್ನ ತೆಗೆದುಬಿಡ್ತೇನಿ ಶೀತಲ್, ಈಗಲೇ, ಎಂದು ನಾನು ಮುಂದೆ ಬಾಗಿದರೆ ಅವಳು ನನ್ನ ಕೈಯಿಂದ ಮೌಸ್ ತೆಗೆದುಕೊಂಡಳು, ಅಳಿಸಲಿಲ್ಲ, ಚಿತ್ರವನ್ನು ಹಿಂದಕ್ಕೆ ಸರಿಸಿದಳು, ಕಾಕಾ ಬಲಗೈ ಬಿಚ್ಚುತ್ತಾನೆ, ಉಗುರಿನ ಸಂದಿಯಲ್ಲಿ ಮಣ್ಣು ಹುಡುಕುತ್ತಾನೆ, ಇಲ್ಲ, ಅವಳು ಮತ್ತೆ ಸರಿಸುತ್ತಾಳೆ, ಏನಾದರೂ ಅನ್ನು ತಾಯೀ, ಕಾಕಾ ಬಲಗೈ ಬಿಚ್ಚುತ್ತಾನೆ, ಉಗುರಿನ ಸಂದಿ, ಮತ್ತೆ, ಬಿಚ್ಚಿದ ಅಂಗೈ —