ದೇವರಮನೆಯ ನೆಲ ತೇಲಿತು

“ಕಾಲು ಹಿಂದಕ್ಕ ತಗೀ. ಹೊಸ್ತಿಲಾ ದಾಟಬ್ಯಾಡ ಅಂತ ಎಷ್ಟ ಸಲ ಹೇಳಬೇಕು ನಿನಗ, ಹಾಳಾದಾಕಿ?”

ಶಾರವ್ವ ಎತ್ತಿದ ಕಾಲನ್ನು ಹಿಂದಕ್ಕಿಟ್ಟಳು. ತಲೆಯ ಮೇಲೆ ನಾಲ್ಕು ಫೋಮ್ ಬೋರ್ಡು. ಬೈದವರು ವಕೀಲ ಪ್ರಾಣೇಶರಾಯರು, ಸವಣೂರಿನ ಈ ಹೊಸ ಮನೆಯ ಯಜಮಾನರು.

ಈ ದೇವರಮನೆಯ ಗೋಡೆ ಕಟ್ಟಿದವರು ನಾವೇ: ಮೇಸ್ತ್ರಿಯಾದ ನನ್ನ ಗಂಡ ರಾಜೇಸಾಬ, ನಾನು ಮಾಬೂಬಿ, ಹುಲಗೂರಿನ ಕೇರಿಯ ಶಾರವ್ವ. ಹೋದ ವಾರ ಒಂದು ಪೂಜೆ ಆದದ್ದೇ ತಡ, ನಮ್ಮ ಕಾಲು ಬಿದ್ದರೆ ಅದೇ ಕೋಣೆ ಮೈಲಿಗೆಯಾಗುವಂತಾಯಿತು. ದೇವರು ಮಾತ್ರ ಸದ್ಯ ಅಡುಗೆಮನೆಯ ಕಪಾಟಿನಲ್ಲಿ ಉಪ್ಪಿನಕಾಯಿ ಭರಣಿಯ ಪಕ್ಕ ಆರಾಮಾಗಿದ್ದ.

ಚಳಿಗಾಲದಲ್ಲಿ ಪೂಜೆಗೆ ಕೂತರೆ ರಾಯರ ಮಂಡಿ ಹಿಡಿಯುತ್ತದಂತೆ. ಅದಕ್ಕೇ ನೆಲದ ಥಂಡಿ ತಡೆಯಲು ಫೋಮ್ ಬೋರ್ಡು ಹಾಸಿ, ಮೇಲೆ ಸಿಮೆಂಟಿನ ಗಚ್ಚು ಸುರಿಯುವ ಏರ್ಪಾಟು.

“ರಾಜೇಸಾಬ, ನಾಳಿಂದ ಈಕಿ ಬ್ಯಾಡ,” ಎಂದರು ರಾಯರು.

ಶಾರವ್ವನ ಮುಖ ಸಣ್ಣದಾಯಿತು. ಇಲ್ಲಿ ಇನ್ನೂ ಹದಿನೈದು ದಿನದ ಕೆಲಸವಿತ್ತು. ಇದು ಬಿಟ್ಟರೆ ಅವಳಿಗೆ ಬೇರೆ ಕೆಲಸವಿರಲಿಲ್ಲ.

ಬೋರ್ಡುಗಳನ್ನು ರಾಯರೇ ಮಡಿ ಉಟ್ಟುಕೊಂಡು ಹಾಸತೊಡಗಿದರು. ರಾಜೇಸಾಬ ಹೊಸ್ತಿಲಾಚೆಯಿಂದ ಹೇಳಿದ: “ಜೋಡಣಿಗೆ ಟೇಪ್ ಹಚ್ರಿ, ಮ್ಯಾಲ ಪ್ಲಾಸ್ಟಿಕ್ ಹಾಳಿ ಹಾಸ್ರಿ. ಇಲ್ಲಂದ್ರ ಗಚ್ಚು ಕೆಳಗ ಇಳದು ಬೋರ್ಡ್ ಎತ್ತಿಬಿಡತೈತಿ.”

“ದೇವರ ಕೆಳಗ ಪ್ಲಾಸ್ಟಿಕ್ ಬ್ಯಾಡ.”

ಫೋಮೂ ಪ್ಲಾಸ್ಟಿಕ್ಕೇ; ಅದನ್ನು ರೇಷ್ಮೆ ಅಂದುಕೊಂಡಿದ್ದರೋ ಏನೋ.

ನಾವು ಹೊಸ್ತಿಲಲ್ಲೇ ನಿಂತು ನೀರುನೀರಾದ ಗಚ್ಚು ಸುರಿದೆವು. ರಾಜೇಸಾಬ ಉದ್ದನೆ ಕೋಲಿನಿಂದ ಅದನ್ನು ಸರಿಸುತ್ತಿದ್ದ. ಸ್ವಲ್ಪ ಹೊತ್ತಿಗೆ ಮೂಲೆಯ ಬೋರ್ಡು, ದೇವರ ಮಂಟಪ ಕೂರಬೇಕಾದ ಜಾಗದ್ದೇ, ಮೆಲ್ಲಗೆ ಮೇಲೆದ್ದಿತು.

“ಮಗಂದು, ತೇಲಾಕತ್ತೈತಿ,” ಎಂದ.

ರಾಯರು ಓಡಿಹೋಗಿ ಅದರ ಒಂದು ತುದಿ ತುಳಿದರು. ಇನ್ನೊಂದು ತುದಿ ಎದ್ದಿತು, ರಾಯರು ಮಡಿಯ ಸಮೇತ ಗಚ್ಚಿನಲ್ಲಿ ಕೂತರು. ನಾವು ಮೂವರೂ ಚಾವಣಿ ನೋಡಿದೆವು.

“ಏ, ನೋಡ್ಕೋತ ನಿಂತೀಯಲ್ಲ, ಬಂದು ತುಳಿ,” ಎಂದರು ಶಾರವ್ವನಿಗೆ. ನಮ್ಮಲ್ಲಿ ತೂಕದವಳು ಅವಳೇ.

“ನಡುವ ಹೊಸ್ತಿಲಾ ಐತಲ್ರಿ.”

“ದಾಟಿ ಬಾ ಅಂದೆ.”

ರಾಜೇಸಾಬ ಒಂದು ಕಟ್ಟಿಗೆ ಹಲಗೆ ಒಳಕ್ಕೆ ತಳ್ಳಿದ. ಶಾರವ್ವ ಸೀರೆ ಸಿಕ್ಕಿಸಿಕೊಂಡು, ಅವಸರವಿಲ್ಲದೆ ನಡೆದುಹೋಗಿ ಅದರ ತುದಿಯಲ್ಲಿ, ಮಂಟಪದ ಜಾಗದಲ್ಲಿ, ಚಕ್ಕಳಮಕ್ಕಳ ಹಾಕಿ ಕೂತಳು. ಬೋರ್ಡು ತೆಪ್ಪಗೆ ಕೆಳಗಿಳಿಯಿತು.

“ಎಷ್ಟೊತ್ತು ಹಿಂಗ?” ರಾಯರು ಕೇಳಿದರು.

“ಗಟ್ಟಿ ಆಗೂತನಾರಿ. ಸಂಜಿ ಅಕ್ಕೈತಿ,” ಎಂದ ರಾಜೇಸಾಬ.

ಶಾರವ್ವ ಅರ್ಧ ಎದ್ದಳು. ಬೋರ್ಡೂ ಅರ್ಧ ಎದ್ದಿತು. “ನಾಳಿಂದ ಬ್ಯಾಡ ಅಂದೀರಿ. ಇವತ್ತ ಹೋಗ್ಲೇನ್ರಿ?”

“ಕುಂಡ್ರವ್ವ. ನಾಳೆನೂ ಬಾ. ಕೆಲಸ ಮುಗಿಯೂತನಾ ಬಾ.”

ಅವರ ಬಾಯಲ್ಲಿ ‘ಅವ್ವ’ ಎಂಬುದನ್ನು ನಾನು ಕೇಳಿದ್ದು ಅದೇ ಮೊದಲು. ರಾಯರು ಎದ್ದು ಹೊರಬಂದು, ಅಡುಗೆಮನೆಯಿಂದ ಚಹಾ ತಂದರು, ಎಂದಿನಂತೆ ಕಾಗದದ ಕಪ್ಪಿನಲ್ಲಿ.

“ಇದು ಕೈ ಸುಡತೈತ್ರಿ. ಕೈ ಸುಟ್ರ ನಾ ಎದ್ದಬಿಡತೇನಿ. ನಿಮ್ಮ ಲೋಟಾದಾಗ ತರ್ರಿ.”

ರಾಯರು ಹೋಗಿ ಲೋಟದಲ್ಲಿ ತಂದರು. ಶಾರವ್ವ ಊದಿ ಊದಿ, ಸಾವಕಾಶ ಕುಡಿದಳು.

ಅಂಗಳದಲ್ಲಿ ಹತ್ತು ಸಿಮೆಂಟ್ ಚೀಲ ಇದ್ದವು. ಅವಳ ಬದಲು ಆ ಹಲಗೆಯ ಮೇಲೆ ಎರಡು ಚೀಲ ಹೇರಿದ್ದರೆ ಸಾಕಿತ್ತು, ಬೋರ್ಡು ಏಳುತ್ತಿರಲಿಲ್ಲ. ಅದು ರಾಜೇಸಾಬನಿಗೂ ಗೊತ್ತಿತ್ತು, ನನಗೂ ಗೊತ್ತಿತ್ತು. ನಾನು ಹೊರಗೆ ಹೋಗಿ ಚೀಲಗಳ ಮೇಲೆ ತಾಡಪಾಲು ಎಳೆದು ಬಂದೆ.